ಹೇಳಿದ್ದು ಮತ್ತು ಬರೆದದ್ದು: ಜಪಾನಿನ ಕಥಾಸಂಕಲನಗಳ ಅಧ್ಯಯನದಲ್ಲಿ ಮೌಖಿಕತೆಯ ಪ್ರಶ್ನೆ

೧

ಪ್ರಾಚೀನ ಕಥಾಸಂಕಲನಗಳನ್ನು ಅಭ್ಯಸಿಸುವವರಿಗೂ ಕ್ಷೇತ್ರಕಾರ್ಯದ ಮೂಲಕ ಜನಪದ ಕಥೆಗಳನ್ನು ಸಂಗ್ರಹಿಸುವವರಿಗೂ ಸಮಾನವಾಗಿ ಎದುರಾಗುವ ಪ್ರಶ್ನೆಯೊಂದಿದೆ. ಪುಟದ ಮೇಲಿರುವ ಕಥೆಯಲ್ಲಿ ಹೇಳಿದವರ ದನಿ ಎಷ್ಟು, ಬರೆದವರ ಕೈ ಎಷ್ಟು ಎಂಬುದೇ ಆ ಪ್ರಶ್ನೆ. ಜಪಾನಿನ ವಿದ್ವತ್ ಪರಂಪರೆ ಈ ಪ್ರಶ್ನೆಯನ್ನು ನೂರು ವರ್ಷಗಳಿಗೂ ಮಿಕ್ಕಿದ ಕಾಲದಿಂದ ಬೇರೆ ಬೇರೆ ರೂಪಗಳಲ್ಲಿ ಎದುರಿಸುತ್ತ ಬಂದಿದೆ. ಅದಕ್ಕೆ ಕಾರಣವೂ ಇದೆ. ಒಂಬತ್ತನೆಯ ಶತಮಾನದಿಂದ ಹದಿನಾಲ್ಕನೆಯ ಶತಮಾನದ ಆರಂಭದವರೆಗೆ ರಚಿತವಾದ ಲಿಖಿತ ಕಥಾಸಂಕಲನಗಳ ಸಮೃದ್ಧ ಸಾಲೊಂದು ಅಲ್ಲಿದೆ. ಇಪ್ಪತ್ತನೆಯ ಶತಮಾನದಲ್ಲಿ ಹಳ್ಳಿಹಳ್ಳಿಗಳಿಂದ ಬರೆದುಕೊಂಡ ಮೌಖಿಕ ಕಥೆಗಳ ಬೃಹತ್ ಭಂಡಾರವೂ ಅಲ್ಲಿದೆ. ಒಂದೇ ಕಥೆ ಎರಡೂ ಕಡೆ ದೊರೆಯುವುದು ಅಲ್ಲಿ ಅಪರೂಪವೇನಲ್ಲ.

ಲಿಖಿತ ಸಂಕಲನಗಳನ್ನು ಜನರ ಬಾಯಿಮಾತಿನ ಹಳೆಯ ದಾಖಲೆಗಳೆಂದೂ ಮೌಖಿಕ ಕಥೆಗಳನ್ನು ಅವುಗಳಿಗಿಂತ ಪ್ರಾಚೀನವಾದ ನಂಬಿಕೆಗಳ ಅವಶೇಷಗಳೆಂದೂ ತಿಳಿಯುವುದು ಬಹುಕಾಲ ರೂಢಿಯಲ್ಲಿತ್ತು. ಆದರೆ ಆಕರಶೋಧನೆ ಮುಂದುವರಿದಂತೆ ಚಿತ್ರ ಹೆಚ್ಚು ಜಟಿಲವಾಯಿತು. ಪುಸ್ತಕದಿಂದ ಪುಸ್ತಕಕ್ಕೆ ಇಳಿದ ಕಥೆ ತನ್ನನ್ನು ಕೇಳಿದ ಕಥೆಯೆಂದು ಹೇಳಿಕೊಳ್ಳುತ್ತದೆ. ನಿಜವಾಗಿ ಕೇಳಿ ಬರೆದ ಕಥೆ ಗ್ರಾಂಥಿಕ ಭಾಷೆಯನ್ನು ತೊಟ್ಟು ನಿಲ್ಲುತ್ತದೆ. ಈ ವೈಪರೀತ್ಯವನ್ನು ಕೇಂದ್ರವಾಗಿಟ್ಟುಕೊಂಡು ಜಪಾನೀ ಕಥಾಧ್ಯಯನದ ಮುಖ್ಯ ಘಟ್ಟಗಳನ್ನು ವಿವರಿಸುವುದು ಪ್ರಸ್ತುತ ಲೇಖನದ ಉದ್ದೇಶ.

೨

ಮೊದಲಿಗೆ ಪರಿಭಾಷೆಯನ್ನು ಸ್ಪಷ್ಟಪಡಿಸಿಕೊಳ್ಳಬೇಕು. ‘ಸೆತ್ಸುವ’ ಎಂಬ ಪದ ‘ಹೇಳುವುದು’ ಮತ್ತು ‘ಮಾತು’ ಎಂಬ ಅರ್ಥಗಳುಳ್ಳ ಎರಡು ಚೀನೀ ಲಿಪಿಚಿಹ್ನೆಗಳಿಂದ ಆದದ್ದು. ಸಾಹಿತ್ಯ ಚರಿತ್ರೆಯಲ್ಲಿ ಇದು ಕಿರುಗಾತ್ರದ, ನಡೆದದ್ದೆಂಬಂತೆ ನಿರೂಪಿತವಾದ, ಸಂಕಲನರೂಪದಲ್ಲಿ ಉಳಿದುಬಂದಿರುವ ಗದ್ಯಕಥೆಗಳನ್ನು ಸೂಚಿಸುತ್ತದೆ. ಆದರೆ ‘ಸೆತ್ಸುವ ಸಾಹಿತ್ಯ’ ಎಂಬ ಪ್ರಕಾರನಾಮ ಆಧುನಿಕ ವಿದ್ವಾಂಸರ ಸೃಷ್ಟಿ. ಮಧ್ಯಯುಗದ ಸಂಕಲನಕಾರರಿಗೆ ತಾವು ಇಂಥದೊಂದು ಪ್ರಕಾರದಲ್ಲಿ ಬರೆಯುತ್ತಿದ್ದೇವೆಂಬ ಭಾವನೆ ಇರಲಿಲ್ಲ. ಬೌದ್ಧ ಧರ್ಮಬೋಧೆಯ ದೃಷ್ಟಾಂತಗಳು, ಆಸ್ಥಾನದ ಪ್ರಸಂಗಗಳು, ಕಳ್ಳಕಾಕರ ಕಥೆಗಳು, ಹಾಸ್ಯ ಪ್ರಸಂಗಗಳು ಎಲ್ಲವನ್ನೂ ಒಂದೇ ಹೆಸರಿನಡಿ ತಂದದ್ದು ಇಪ್ಪತ್ತನೆಯ ಶತಮಾನದ ಸಾಹಿತ್ಯ ಚರಿತ್ರೆ.

ಮೌಖಿಕ ಪರಂಪರೆಯ ಕಥೆಗಳಿಗೆ ಅಲ್ಲಿನ ಜಾನಪದ ಶಾಸ್ತ್ರ ಬೇರೆ ಪದಗಳನ್ನು ಬಳಸುತ್ತದೆ. ‘ಮುಕಾಶಿಬನಾಶಿ’ ಎಂದರೆ ‘ಹಿಂದಿನ ಕಾಲದ ಕಥೆ’. ‘ಮುಕಾಶಿ ಮುಕಾಶಿ’ ಎಂದು ಆರಂಭವಾಗುವ ಇದಕ್ಕೆ ನಿರ್ದಿಷ್ಟ ಊರು, ವ್ಯಕ್ತಿ, ಕಾಲಗಳ ಹಂಗಿಲ್ಲ. ಕೇಳುವವರು ನಂಬಬೇಕೆಂಬ ನಿರೀಕ್ಷೆಯೂ ಇಲ್ಲ. ಅದರ ಮುಕ್ತಾಯವಾಕ್ಯ ಪ್ರದೇಶದಿಂದ ಪ್ರದೇಶಕ್ಕೆ ಬೇರೆಯಾಗುತ್ತದೆ. ಈಶಾನ್ಯ ಜಪಾನಿನ ತೋನೊ ಪ್ರದೇಶದಲ್ಲಿ ಕಥೆ ‘ದೊಂದೊಹಾರೆ’ ಎಂದು ಮುಗಿಯುತ್ತದೆ. ಇದಕ್ಕೆ ಪ್ರತಿಯಾಗಿ ‘ದೆನ್ಸೆತ್ಸು’ ಒಂದು ಬಂಡೆ, ಮರ, ಕೊಳ ಅಥವಾ ಮನೆತನಕ್ಕೆ ಅಂಟಿಕೊಂಡಿರುವ, ನಿಜವೆಂದು ನಂಬಲಾಗುವ ಕಥೆ. ನಮ್ಮ ‘ಐತಿಹ್ಯ’ ಎಂಬ ಪದ ಇದಕ್ಕೆ ಸಮೀಪವಾದುದು. ಇತ್ತೀಚೆಗೆ ನಡೆದದ್ದೆಂದು ಜನ ಮಾತಾಡಿಕೊಳ್ಳುವ ಸಂಗತಿಗಳಿಗೆ ‘ಸೆಕೆನ್‌ಬನಾಶಿ’ ಎಂದು ಹೆಸರು. ಈ ವಿಭಜನೆಯನ್ನು ಶಾಸ್ತ್ರೀಯವಾಗಿ ನೆಲೆಗೊಳಿಸಿದವರು ಯಾನಾಗಿತಾ ಕುನಿಯೊ (೧೮೭೫–೧೯೬೨).

೩

ಉಳಿದುಬಂದಿರುವ ಸಂಕಲನಗಳಲ್ಲಿ ಮೊದಲನೆಯದು ‘ನಿಹೊನ್ ರ್ಯೋಇಕಿ’. ನಾರಾ ನಗರದ ಯಾಕುಶಿಜಿ ವಿಹಾರದ ಭಿಕ್ಷು ಕ್ಯೋಕಾಯ್ ಒಂಬತ್ತನೆಯ ಶತಮಾನದ ಆರಂಭದಲ್ಲಿ ಇದನ್ನು ಮೂರು ಸಂಪುಟಗಳಲ್ಲಿ ಸಿದ್ಧಪಡಿಸಿದನು. ಇದರಲ್ಲಿ ೧೧೬ ಕಥೆಗಳಿವೆ. ಮಾಡಿದ ಪಾಪಪುಣ್ಯಗಳ ಫಲ ಈ ಜನ್ಮದಲ್ಲಿಯೇ ಒದಗುತ್ತದೆಂದು ತೋರಿಸುವುದು ಇದರ ಗುರಿ. ತಾನು ಕೇಳಿದ್ದನ್ನು ಬರೆಯುತ್ತಿರುವುದಾಗಿ ಸಂಕಲನಕಾರ ಹೇಳಿಕೊಳ್ಳುತ್ತಾನೆ. ಅದೇ ಪ್ರಸ್ತಾವನೆಯಲ್ಲಿ ಚೀನದ ಪವಾಡಕಥೆಗಳ ಗ್ರಂಥಗಳನ್ನು ಹೆಸರಿಸಿ, ಪರದೇಶದ ದಾಖಲೆಗಳನ್ನಷ್ಟೇ ಏಕೆ ಗೌರವಿಸಬೇಕು, ನಮ್ಮ ನೆಲದಲ್ಲಿಯೂ ಅದ್ಭುತಗಳು ನಡೆದಿವೆಯಲ್ಲ ಎಂಬ ವಾದವನ್ನು ಮುಂದಿಡುತ್ತಾನೆ. ಕೃತಿಯ ಭಾಷೆ ಜಪಾನೀ ಬಳಕೆಗೆ ಬಾಗಿದ ಚೀನೀ ಬರವಣಿಗೆ. ಕೇಳಿದ ಕಥೆ ಆಗಲೇ ಒಂದು ಗ್ರಂಥಪರಂಪರೆಯ ಅಚ್ಚಿನೊಳಗೆ ಬಂದು ಕುಳಿತಿರುವುದನ್ನು ಇಲ್ಲಿ ಕಾಣುತ್ತೇವೆ.

ಸಂಕಲನಗಳಲ್ಲೆಲ್ಲ ಅತಿ ದೊಡ್ಡದು ‘ಕೊಂಜಾಕು ಮೊನೊಗತಾರಿಶೂ’. ಇದರ ಕಾಲ ಸುಮಾರು ಕ್ರಿ.ಶ. ೧೧೨೦, ಸಂಕಲನಕಾರ ಯಾರೆಂಬುದು ನಿರ್ಧಾರವಾಗಿಲ್ಲ. ೩೧ ಸಂಪುಟಗಳ ಯೋಜನೆಯಲ್ಲಿ ೮, ೧೮ ಮತ್ತು ೨೧ನೆಯವು ಇಲ್ಲ. ಉಳಿದವುಗಳಲ್ಲಿ ಸಾವಿರಕ್ಕೂ ಹೆಚ್ಚು ಕಥೆಗಳಿವೆ. ಮೊದಲ ಐದು ಸಂಪುಟಗಳು ‘ತೆನ್‌ಜಿಕು’, ಅಂದರೆ ಭಾರತದ ಕಥೆಗಳಿಗೆ ಮೀಸಲು. ೬ರಿಂದ ೧೦ ಚೀನಕ್ಕೆ. ೧೧ರಿಂದ ಕೊನೆಯವರೆಗೆ ಜಪಾನಿಗೆ. ಬೌದ್ಧಧರ್ಮ ಹುಟ್ಟಿ ಪೂರ್ವಕ್ಕೆ ಹರಿದುಬಂದ ದಾರಿಯೇ ಗ್ರಂಥದ ವಿನ್ಯಾಸವಾಗಿದೆ. ಪ್ರತಿ ಕಥೆಯೂ ‘ಈಗ ಅದು ಹಿಂದಿನ ಮಾತು’ ಎಂಬರ್ಥದ ಸೂತ್ರದಿಂದ ಆರಂಭವಾಗಿ, ‘ಹೀಗೆ ಹೇಳಿ ದಾಟಿಸಿದ್ದಾರಂತೆ’ ಎಂಬರ್ಥದ ಸೂತ್ರದಿಂದ ಮುಗಿಯುತ್ತದೆ.

ಹದಿಮೂರನೆಯ ಶತಮಾನದ ಪೂರ್ವಾರ್ಧದ ‘ಉಜಿ ಶೂಯಿ ಮೊನೊಗತಾರಿ’ಯಲ್ಲಿ ೧೯೭ ಕಥೆಗಳಿವೆ. ಅದರ ಪ್ರಸ್ತಾವನೆ ಕಥಾಸಂಗ್ರಹದ ಒಂದು ಚಿತ್ರವನ್ನೇ ಕೊಡುತ್ತದೆ. ಮಿನಾಮೊತೊ ನೊ ತಕಾಕುನಿ (೧೦೦೪–೧೦೭೭) ಎಂಬ ಹಿರಿಯ ರಾಜಾಧಿಕಾರಿ ಬೇಸಿಗೆಯ ತಾಪ ತಾಳದೆ ಉಜಿಗೆ ಬಂದು ನೆಲೆಸುತ್ತಿದ್ದನಂತೆ. ದಾರಿಯಲ್ಲಿ ಹೋಗುವವರನ್ನು ಮೇಲುಕೀಳೆನ್ನದೆ ಕರೆಸಿ, ಅವರಿಂದ ಕಥೆ ಹೇಳಿಸಿ, ತಾನು ಒಳಗೆ ಮಲಗಿಕೊಂಡು ದೊಡ್ಡ ಪುಸ್ತಕವೊಂದರಲ್ಲಿ ಬರೆದುಕೊಳ್ಳುತ್ತಿದ್ದನಂತೆ. ಹಾಗೆ ಬರೆದನೆನ್ನಲಾದ ಮೂಲಗ್ರಂಥ ಇಂದು ಲಭ್ಯವಿಲ್ಲ. ಆದರೆ ಈ ಚಿತ್ರ ಮಾತ್ರ ಸೆತ್ಸುವ ಎಂದರೆ ಜನರ ಬಾಯಿಂದ ನೇರವಾಗಿ ಬಂದ ಕಥೆ ಎಂಬ ನಂಬಿಕೆಗೆ ಬಹುಕಾಲ ಬಲ ಕೊಟ್ಟಿತು.

೪

ಈ ನಂಬಿಕೆಯನ್ನು ಅಲುಗಾಡಿಸಿದ್ದು ಆಕರಶೋಧನೆ. ಹಾಗಾ ಯಾಇಚಿ (೧೮೬೭–೧೯೨೭) ಅವರು ೧೯೧೩ರಿಂದ ೧೯೨೧ರ ಅವಧಿಯಲ್ಲಿ ‘ಕೊಂಜಾಕು’ವಿನ ಸಟಿಪ್ಪಣ ಆವೃತ್ತಿಯನ್ನು ಪ್ರಕಟಿಸಿ, ಪ್ರತಿ ಕಥೆಗೂ ಚೀನೀ ಹಾಗೂ ಜಪಾನೀ ಗ್ರಂಥಗಳಲ್ಲಿನ ಸಮಾನ ಕಥೆಗಳನ್ನು ಜೋಡಿಸಿದರು. ಇದೇ ಕಾಲದಲ್ಲಿ ಮಿನಾಕಾತಾ ಕುಮಾಗುಸು (೧೮೬೭–೧೯೪೧) ‘ಕೊಂಜಾಕು’ವಿನ ಕಥೆಗಳನ್ನು ಹಲವು ದೇಶಗಳ ಸಾಹಿತ್ಯದೊಂದಿಗೆ ಹೋಲಿಸಿ ಬರೆದರು. ೧೮೯೨ರಿಂದ ೧೯೦೦ರವರೆಗೆ ಲಂಡನ್ನಿನಲ್ಲಿದ್ದು ಬ್ರಿಟಿಷ್ ಮ್ಯೂಸಿಯಂನಲ್ಲಿ ಓದಿದ್ದ ಇವರು ವೃತ್ತಿಪರ ಅಧ್ಯಾಪಕರಾಗಿರಲಿಲ್ಲ. ಒಂಬತ್ತನೆಯ ಶತಮಾನದ ಚೀನೀ ಗ್ರಂಥವೊಂದರಲ್ಲಿ ಸಿಂಡರೆಲಾ ಕಥೆಯ ರೂಪವೊಂದಿರುವುದನ್ನು ೧೯೧೧ರಲ್ಲಿ ಪ್ರಕಟಪಡಿಸಿದ ಕೀರ್ತಿ ಇವರದು.

ಮುಂದಿನ ತಲೆಮಾರುಗಳ ವಿದ್ವಾಂಸರು ಆಕರಗಳನ್ನು ಇನ್ನಷ್ಟು ನಿಖರಗೊಳಿಸಿದರು. ‘ಕೊಂಜಾಕು’ವಿನ ಬಹುಭಾಗ ‘ನಿಹೊನ್ ರ್ಯೋಇಕಿ’, ಹನ್ನೊಂದನೆಯ ಶತಮಾನದ ಪುಂಡರೀಕಸೂತ್ರ ಮಹಿಮೆಯ ಕಥಾಸಂಗ್ರಹ, ಚೀನದ ಪವಾಡಕಥಾ ಗ್ರಂಥಗಳು ಮೊದಲಾದ ಲಿಖಿತ ಆಕರಗಳಿಂದ ಬಂದಿರುವುದು ಖಚಿತವಾಯಿತು. ಹೀಗೆ ಚೀನೀ ಪುಸ್ತಕವನ್ನು ಎದುರಿಗಿಟ್ಟುಕೊಂಡು ಅನುವಾದಿಸಿದ ಕಥೆಗಳ ಕೊನೆಯಲ್ಲಿಯೂ ‘ಹೇಳಿ ದಾಟಿಸಿದ್ದಾರಂತೆ’ ಎಂಬ ಸೂತ್ರವೇ ಇದೆ! ಆದ್ದರಿಂದ ಈ ಸೂತ್ರವನ್ನು ಮೌಖಿಕ ಆಕರದ ಸಾಕ್ಷ್ಯವೆಂದು ಓದಲಾಗದು. ಸಾವಿರ ಕಥೆಗಳನ್ನು ಒಂದೇ ಗ್ರಂಥವಾಗಿ ಹೊಲಿಯಲು ಸಂಕಲನಕಾರ ಬಳಸಿದ ದಾರ ಅದು. ಕಥೆಯ ಹೊಣೆಯನ್ನು ತನ್ನಿಂದ ಹಿಂದಿನವರಿಗೆ ವರ್ಗಾಯಿಸುವ ಉಪಾಯವೂ ಅಹುದು.

‘ಕೊಂಜಾಕು’ ಮತ್ತು ‘ಉಜಿ ಶೂಯಿ’ಗಳ ಸಂಬಂಧವೂ ಇದನ್ನೇ ಹೇಳುತ್ತದೆ. ಎರಡರಲ್ಲಿಯೂ ಸಮಾನವಾಗಿರುವ ಕಥೆಗಳು ಸುಮಾರು ೮೦. ಎಷ್ಟೋ ಕಡೆ ವಾಕ್ಯಗಳೇ ಹತ್ತಿರವಾಗಿವೆ. ಇಷ್ಟು ಸಾಮ್ಯ ಬಾಯಿಮಾತಿನಿಂದ ಬರಲಾರದೆಂದೂ ಎರಡಕ್ಕೂ ಹಿಂದೆ ಈಗ ಕಳೆದುಹೋಗಿರುವ ಲಿಖಿತ ಆಕರವಿದೆಯೆಂದೂ ವಿದ್ವಾಂಸರು ತೀರ್ಮಾನಿಸಿದ್ದಾರೆ. ಹಾಗಾದರೆ ಎರಡರ ನಡುವಣ ವ್ಯತ್ಯಾಸಗಳು ಇಬ್ಬರು ಬರಹಗಾರರ ವ್ಯತ್ಯಾಸಗಳೇ ಹೊರತು ಇಬ್ಬರು ಕಥೆಗಾರರ ಭಿನ್ನಪಾಠಗಳಲ್ಲ.

ಹಸ್ತಪ್ರತಿಯ ಸಾಕ್ಷ್ಯವೂ ಇಲ್ಲಿ ಮುಖ್ಯ. ‘ಕೊಂಜಾಕು’ವಿನ ಲಭ್ಯ ಪ್ರತಿಗಳಲ್ಲಿ ಅತ್ಯಂತ ಹಳೆಯದು ‘ಸುಜುಕಾ ಪ್ರತಿ’. ಕ್ಯೋಟೊ ವಿಶ್ವವಿದ್ಯಾನಿಲಯದಲ್ಲಿರುವ ಇದರ ಒಂಬತ್ತು ಸಂಪುಟಗಳನ್ನು ೧೯೯೬ರಲ್ಲಿ ರಾಷ್ಟ್ರೀಯ ನಿಧಿಯೆಂದು ಘೋಷಿಸಲಾಯಿತು. ‘ಕೊಂಜಾಕು’ವಿನ ಪಠ್ಯದಲ್ಲಿ ವ್ಯಕ್ತಿಯ ಹೆಸರು, ಊರು, ಅರಸನ ಕಾಲ ಬರಬೇಕಾದ ಎಡೆಗಳಲ್ಲಿ ಅಲ್ಲಲ್ಲಿ ಖಾಲಿ ಜಾಗ ಬಿಟ್ಟಿದೆ. ಇವುಗಳಲ್ಲಿ ಕೆಲವು ಪ್ರತಿ ಹಾಳಾದುದರಿಂದ ಆದ ಲೋಪಗಳು. ಉಳಿದವು ಮುಂದೆ ತುಂಬಲೆಂದು ಸಂಕಲನಕಾರನೇ ಬಿಟ್ಟವು. ಹೆಸರು ತಿಳಿಯದಿದ್ದರೂ ಹೆಸರಿರಲೇಬೇಕೆಂಬ ಒತ್ತಾಯ ಅವನಿಗಿತ್ತು. ಮುಕಾಶಿಬನಾಶಿಯನ್ನು ಹೇಳುವ ಅಜ್ಜಿಗೆ ಇಂಥ ಒತ್ತಾಯವಿಲ್ಲ. ‘ಒಂದೂರಲ್ಲಿ ಒಬ್ಬ ಅಜ್ಜ, ಒಬ್ಬಳು ಅಜ್ಜಿ’ ಎಂದರೆ ಆಕೆಗೆ ಸಾಕು. ಆ ಖಾಲಿ ಜಾಗಗಳು ಲಿಖಿತ ಸೆತ್ಸುವಕ್ಕೂ ಮೌಖಿಕ ಕಥೆಗೂ ಇರುವ ಅಂತರವನ್ನು ಯಾವ ವ್ಯಾಖ್ಯೆಗಿಂತಲೂ ಸ್ಪಷ್ಟವಾಗಿ ತೋರಿಸುತ್ತವೆ.

೫

ಒಂದು ಉದಾಹರಣೆಯಿಂದ ಈ ಅಂತರವನ್ನು ಪರಿಶೀಲಿಸಬಹುದು. ‘ಕೊಂಜಾಕು’ವಿನ ೧೬ನೆಯ ಸಂಪುಟದಲ್ಲಿಯೂ ‘ಉಜಿ ಶೂಯಿ’ಯಲ್ಲಿಯೂ ಹುಲ್ಲುಕಡ್ಡಿಯಿಂದ ಸಿರಿವಂತನಾದವನ ಕಥೆ ಇದೆ. ದಿಕ್ಕಿಲ್ಲದ ಬಡ ಯುವಕನೊಬ್ಬ ಹಾಸೆ ಕ್ಷೇತ್ರದ ಕನ್ನೊನ್, ಅಂದರೆ ಅವಲೋಕಿತೇಶ್ವರನ ಮುಂದೆ ಹಟ ಹಿಡಿದು ಬೀಳುತ್ತಾನೆ. ಹೊರಗೆ ಹೋಗುವಾಗ ಮೊದಲು ಕೈಗೆ ಸಿಕ್ಕಿದ್ದನ್ನು ಬಿಡಬೇಡವೆಂದು ಕನಸಿನಲ್ಲಿ ಅಪ್ಪಣೆಯಾಗುತ್ತದೆ. ಬಾಗಿಲಲ್ಲಿ ಎಡವಿ ಬಿದ್ದಾಗ ಅವನ ಕೈಗೆ ಬಂದದ್ದು ಒಂದು ಹುಲ್ಲುಕಡ್ಡಿ. ಕಾಡುತ್ತಿದ್ದ ದೊಡ್ಡ ನೊಣವೊಂದನ್ನು ಅದಕ್ಕೆ ಕಟ್ಟಿ ಹಿಡಿದು ನಡೆಯುವಾಗ ಶ್ರೀಮಂತರ ಮಗು ಅದನ್ನು ಬೇಡುತ್ತದೆ. ಬದಲಿಗೆ ಮೂರು ಕಿತ್ತಳೆ ಹಣ್ಣು ದೊರೆಯುತ್ತವೆ. ಬಾಯಾರಿ ಬಳಲಿದ ಹೆಂಗಸಿಗೆ ಹಣ್ಣು ಕೊಟ್ಟಾಗ ಬಟ್ಟೆಯ ಸುರುಳಿಗಳು, ಬಟ್ಟೆಗೆ ಪ್ರತಿಯಾಗಿ ಆಗತಾನೆ ಸತ್ತ ಕುದುರೆ, ಪ್ರಾರ್ಥಿಸಿದಾಗ ಬದುಕಿದ ಆ ಕುದುರೆಗೆ ಪ್ರತಿಯಾಗಿ ಗದ್ದೆ. ಹೀಗೆ ಅವನ ಬದುಕು ಏರುತ್ತದೆ.

ಸಂಕಲನಗಳಲ್ಲಿ ಇದು ಕನ್ನೊನ್ ಮಹಿಮೆಯ ಕಥೆ. ‘ಕೊಂಜಾಕು’ವಿನ ೧೬ನೆಯ ಸಂಪುಟವೆಲ್ಲ ಆ ದೇವತೆಯ ಮಹಿಮೆಗೇ ಮೀಸಲಾಗಿರುವುದರಿಂದ ಕಥೆಯ ಅರ್ಥ ಅದರ ಸ್ಥಾನದಿಂದಲೇ ನಿಗದಿಯಾಗುತ್ತದೆ. ಮೌಖಿಕ ಪರಂಪರೆಯಲ್ಲಿ ದೊರೆತ ರೂಪಗಳನ್ನು ಸಂಶೋಧಕರು ಎರಡಾಗಿ ವಿಂಗಡಿಸುತ್ತಾರೆ. ಮೊದಲನೆಯದು ಕನ್ನೊನ್ ಪ್ರಾರ್ಥನೆಯ ರೂಪ. ಎರಡನೆಯದರಲ್ಲಿ ದೇವರೂ ಇಲ್ಲ, ಕನಸೂ ಇಲ್ಲ. ಹುಲ್ಲು ಎಲೆಗೆ, ಎಲೆ ಮೂರು ವರ್ಷ ಹಳೆಯ ‘ಮಿಸೊ’ ಎಂಬ ಸೋಯಾ ಹುದುಗಿಗೆ, ಮಿಸೊ ಕತ್ತಿಗೆ ವಿನಿಮಯವಾಗುತ್ತ ಹೋಗುತ್ತದೆ. ಗಾಳಿಗೆ ಹಾರದಂತೆ ತನ್ನ ಸರಕನ್ನು ಕಟ್ಟಿಕೊಳ್ಳಲು ಹುಲ್ಲು ಬೇಕಾದವನಿದ್ದಾನೆ, ಮಿಸೊ ಮುಚ್ಚಲು ಎಲೆ ಬೇಕಾದವನಿದ್ದಾನೆ. ಪ್ರತಿ ವಸ್ತುವಿಗೂ ಅದರ ಅಗತ್ಯವಿರುವವನೊಬ್ಬ ಸಿಗುತ್ತಾನೆಂಬ ವ್ಯವಹಾರಜ್ಞಾನವೇ ಅಲ್ಲಿ ಕಥೆಯನ್ನು ನಡೆಸುತ್ತದೆ.

ಇವುಗಳಲ್ಲಿ ಯಾವುದು ಮೂಲ? ಲೌಕಿಕ ಕಥೆಗೆ ವಿಹಾರದವರು ದೇವತೆಯನ್ನು ಸೇರಿಸಿದರೆಂದು ಒಂದು ಪಕ್ಷ ಹೇಳಬಹುದು. ಧರ್ಮಕಥೆ ಜನರ ಬಾಯಲ್ಲಿ ದೇವತೆಯನ್ನು ಕಳೆದುಕೊಂಡಿತೆಂದು ಇನ್ನೊಂದು ಪಕ್ಷ ಹೇಳಬಹುದು. ಕಾಲದ ದೃಷ್ಟಿಯಿಂದ ಲಿಖಿತ ರೂಪ ಹಳೆಯದು. ಆದರೆ ದಾಖಲಾದ ಕಾಲ ಹುಟ್ಟಿದ ಕಾಲವಲ್ಲ. ಸಂಕಲನಗಳನ್ನು ಧರ್ಮೋಪದೇಶಕರು ಬಳಸುತ್ತಿದ್ದರೆಂಬುದನ್ನೂ ಇಲ್ಲಿ ನೆನೆಯಬೇಕು. ೧೨೮೩ರಲ್ಲಿ ‘ಶಾಸೆಕಿಶೂ’ವನ್ನು ರಚಿಸಿದ ಭಿಕ್ಷು ಮುಜೂ ಲಘುವಾದ ಕಥೆಗಳ ಮೂಲಕ ಗಹನವಾದ ಧರ್ಮವನ್ನು ತಿಳಿಸುವ ಉದ್ದೇಶವನ್ನು ಬಹಿರಂಗವಾಗಿಯೇ ಹೇಳಿಕೊಂಡವನು. ಪುಸ್ತಕದ ಕಥೆ ಪೀಠದಿಂದ ಕಿವಿಗೆ, ಕಿವಿಯಿಂದ ಒಲೆಯ ಬಳಿಗೆ, ಅಲ್ಲಿಂದ ಮತ್ತೊಂದು ಪುಸ್ತಕಕ್ಕೆ ಹೋಗಿರುವ ಸಾಧ್ಯತೆ ಇರುವಾಗ ಶುದ್ಧ ಮೌಖಿಕ ಮೂಲವೆಂಬುದನ್ನು ಊಹಿಸುವುದು ಕಷ್ಟ.

‘ಉಜಿ ಶೂಯಿ’ಯ ಮತ್ತೊಂದು ಕಥೆಯಲ್ಲಿ ಕೆನ್ನೆಯ ಮೇಲೆ ದೊಡ್ಡ ಗಂಟಿರುವ ಮುದುಕ ಕಾಡಿನಲ್ಲಿ ‘ಓನಿ’ಗಳೆಂಬ ರಾಕ್ಷಸರ ಮುಂದೆ ಕುಣಿಯುತ್ತಾನೆ. ಮೆಚ್ಚಿದ ಓನಿಗಳು ಅವನು ಮತ್ತೆ ಬರಲೆಂದು ಗಂಟನ್ನೇ ಒತ್ತೆಯಾಗಿ ಕಿತ್ತಿಟ್ಟುಕೊಳ್ಳುತ್ತವೆ. ಅವನನ್ನು ಅನುಕರಿಸಹೋದ ನೆರೆಮನೆಯವನು ಕೆಟ್ಟದಾಗಿ ಕುಣಿದು ಎರಡನೆಯ ಗಂಟನ್ನೂ ಹೊತ್ತು ಬರುತ್ತಾನೆ. ಪರರ ಭಾಗ್ಯಕ್ಕೆ ಕರುಬಬಾರದೆಂಬ ನೀತಿಯೊಂದಿಗೆ ಸಂಕಲನಕಾರ ಕಥೆಯನ್ನು ಮುಗಿಸುತ್ತಾನೆ. ಇದೇ ಕಥೆ ಜಪಾನಿನ ಬಹುಭಾಗಗಳಲ್ಲಿ ಮೌಖಿಕವಾಗಿ ದೊರೆತಿದೆ. ಆರ್ನೆ–ಥಾಂಪ್ಸನ್ ಸೂಚಿಯ ೫೦೩ನೆಯ ವರ್ಗಕ್ಕೆ ಸೇರುವ ಯುರೋಪಿನ ಗೂನುಬೆನ್ನಿನವರ ಕಥೆಗಳು ಇದರ ಬಂಧುಗಳು.

೬

ಮೌಖಿಕ ಕಥಾಧ್ಯಯನದ ಕಡೆಗೆ ತಿರುಗಿದರೆ ಅಲ್ಲಿಯೂ ಬರೆದವರ ಕೈ ಕಾಣುತ್ತದೆ. ಜಪಾನಿನ ಜಾನಪದ ಶಾಸ್ತ್ರದ ಆರಂಭಗ್ರಂಥವೆಂದು ಪರಿಗಣಿತವಾದ ‘ತೋನೊ ಮೊನೊಗತಾರಿ’ ೧೯೧೦ರಲ್ಲಿ ಪ್ರಕಟವಾಯಿತು. ಅಚ್ಚಾದದ್ದು ೩೫೦ ಪ್ರತಿಗಳು. ಅದರಲ್ಲಿರುವ ಬರಹಗಳು ೧೧೯. ಸರ್ಕಾರದ ಉನ್ನತ ಅಧಿಕಾರಿಯಾಗಿದ್ದ ಯಾನಾಗಿತಾ ಅವರು ತೋನೊ ಪ್ರದೇಶದ ಸಸಾಕಿ ಕಿಜೆನ್ (೧೮೮೬–೧೯೩೩) ಎಂಬ ಯುವಕನಿಂದ ೧೯೦೮ರ ಕೊನೆಯಿಂದ ಟೋಕಿಯೊದಲ್ಲಿ ಕೇಳಿದ ಸಂಗತಿಗಳಿವು. ೧೯೦೯ರ ಆಗಸ್ಟಿನಲ್ಲಿ ಅವರು ತೋನೊಗೆ ಭೇಟಿ ಕೊಟ್ಟರು. ಉಜಿಯಲ್ಲಿ ಮಲಗಿ ಕಥೆ ಕೇಳಿದ ಅಧಿಕಾರಿಯ ಚಿತ್ರ ಎಂಟುನೂರಕ್ಕೂ ಹೆಚ್ಚು ವರ್ಷಗಳ ತರುವಾಯ ಹೊಸ ರೂಪದಲ್ಲಿ ಕಾಣಿಸಿಕೊಂಡಂತಿದೆ.

ಯಾನಾಗಿತಾ ಅವರಿಗೂ ಈ ಪೂರ್ವಪರಂಪರೆಯ ಅರಿವಿತ್ತು. ತಮ್ಮ ಪ್ರಸ್ತಾವನೆಯಲ್ಲಿ ಅವರು ‘ಕೊಂಜಾಕು’ವನ್ನು ಹೆಸರಿಸಿ, ಅದರ ಕಥೆಗಳು ಆ ಕಾಲಕ್ಕೇ ಹಳೆಯ ಮಾತುಗಳಾಗಿದ್ದವೆಂದೂ ತಮ್ಮವು ಕಣ್ಣೆದುರಿನ ಘಟನೆಗಳೆಂದೂ ಭೇದ ತೋರಿಸುತ್ತಾರೆ. ಒಂದಕ್ಷರವನ್ನೂ ಕೂಡಿಸದೆ ಕಳೆಯದೆ, ತಮಗೆ ಅನಿಸಿದಂತೆ ಬರೆದಿರುವುದಾಗಿ ಹೇಳುತ್ತಾರೆ. ಈ ಹೇಳಿಕೆಯ ಎರಡು ಭಾಗಗಳ ನಡುವೆ ಸೆಳೆತವಿದೆ. ಕೂಡಿಸದೆ ಕಳೆಯದೆ ಬರೆಯುವುದು ಲಿಪಿಕಾರನ ಕೆಲಸ. ಅನಿಸಿದಂತೆ ಬರೆಯುವುದು ಲೇಖಕನ ಕೆಲಸ. ಸಸಾಕಿ ಈಶಾನ್ಯದ ಉಪಭಾಷೆಯ ಹಿನ್ನೆಲೆಯವರು. ಪುಸ್ತಕವಿರುವುದು ಬಿಗಿಯಾದ ಗ್ರಾಂಥಿಕ ಶೈಲಿಯಲ್ಲಿ. ಕೃತಿಯ ಕರಡು, ಶುದ್ಧಪ್ರತಿ ಹಾಗೂ ಅಚ್ಚಿನ ಕರಡುಪ್ರತಿ ಮೂರೂ ಉಳಿದಿರುವುದರಿಂದ ತಿದ್ದುಪಡಿಗಳ ಹೆಜ್ಜೆಗಳನ್ನು ಹಿಂಬಾಲಿಸಲು ಸಾಧ್ಯವಾಗಿದೆ. ಅಕ್ಷರ ಬದಲಿಸದ ದಾಖಲೆಯೆಂಬುದು ಹಂತಹಂತವಾಗಿ ಕಡೆದು ನಿಲ್ಲಿಸಿದ ಗದ್ಯವೆಂಬುದು ಈಗ ಸಂದೇಹಾತೀತ.

ಕೃತಿಯ ೨೨ನೆಯ ಬರಹ ಇದಕ್ಕೆ ಒಳ್ಳೆಯ ನಿದರ್ಶನ. ತೀರಿಕೊಂಡ ಮುತ್ತಜ್ಜಿ ಶವಜಾಗರಣೆಯ ರಾತ್ರಿ ಮನೆಯೊಳಗೆ ನಡೆದು ಬರುತ್ತಾಳೆ. ಆಕೆಯ ಉಡುಪಿನ ಅಂಚು ತಾಗಿ ಒಲೆಯ ಬಳಿಯ ದುಂಡನೆಯ ಇದ್ದಿಲಿನ ಪಾತ್ರೆ ಗಿರಗಿರನೆ ತಿರುಗುತ್ತದೆ. ಆ ಪಾತ್ರೆ ತಿರುಗಿದ ಒಂದು ವಿವರದಿಂದ ಪ್ರೇತ ವಾಸ್ತವವಾಗುತ್ತದೆ. ಕಾದಂಬರಿಕಾರ ಮಿಶಿಮಾ ಯುಕಿಯೊ ಕಾದಂಬರಿಯ ಮರ್ಮವನ್ನೇ ಇಲ್ಲಿ ಕಂಡರು. ಜಾನಪದ ದಾಖಲೆಯೊಂದು ಸಾಹಿತ್ಯದ ಮಾದರಿಯಾಗಿ ಓದಿಸಿಕೊಂಡದ್ದು ಯಾನಾಗಿತಾ ಅವರ ಗದ್ಯದ ಶಕ್ತಿಯನ್ನು ಹೇಳುವಂತೆ ಆ ದಾಖಲೆಯ ಸ್ವರೂಪವನ್ನೂ ಹೇಳುತ್ತದೆ. ಸಸಾಕಿ ಅವರು ಮುಂದೆ ತಾವೇ ಕಥೆಗಳನ್ನು ಸಂಗ್ರಹಿಸಿ ‘ಕಿಕಿಮಿಮಿ ಜೋಶಿ’ (೧೯೩೧) ಮೊದಲಾದ ಸಂಕಲನಗಳನ್ನು ತಂದರು. ಅವರನ್ನು ಜಪಾನಿನ ಗ್ರಿಮ್ ಎಂದು ಕರೆದದ್ದುಂಟು. ಆದರೂ ‘ತೋನೊ’ ಎಂದೊಡನೆ ನೆನಪಾಗುವ ಹೆಸರು ಯಾನಾಗಿತಾ ಅವರದೇ. ಹೇಳಿದವರಿಗೂ ಬರೆದವರಿಗೂ ಸಲ್ಲುವ ಕೀರ್ತಿಯ ಪಾಲು ಸಮನಾಗಿರುವುದಿಲ್ಲವೆಂಬುದಕ್ಕೆ ಇದೂ ಒಂದು ಸಾಕ್ಷಿ.

೭

ಸಂಗ್ರಹ ಹೆಚ್ಚಿದಂತೆ ವರ್ಗೀಕರಣದ ಪ್ರಶ್ನೆ ಎದ್ದಿತು. ಯಾನಾಗಿತಾ ಅವರು ‘ಮೊಮೊತಾರೋನ ಜನನ’ ಎಂಬರ್ಥದ ಹೆಸರಿನ ಗ್ರಂಥದಲ್ಲಿ (೧೯೩೩) ಪೀಚ್ ಹಣ್ಣಿನಿಂದ ಹುಟ್ಟಿದ ಬಾಲಕನ ಕಥೆಯ ಹಿಂದೆ ನೀರಿನೊಂದಿಗೆ ಸಂಬಂಧವುಳ್ಳ ಪುಟ್ಟ ದೇವಶಿಶುವಿನ ನಂಬಿಕೆಯನ್ನು ಗುರುತಿಸಿದರು. ಕಥೆಗಳು ಸಡಿಲಗೊಂಡ ಪುರಾತನ ನಂಬಿಕೆಗಳೆಂಬುದು ಅವರ ನಿಲುವು. ಹೊರದೇಶದ ಸಮಾನಕಥೆಗಳನ್ನು ಹುಡುಕುವ ಮೊದಲು ಒಂದು ದೇಶದ ಒಳಗಿನ ಭಿನ್ನಪಾಠಗಳನ್ನು ಪೂರ್ಣವಾಗಿ ಹೋಲಿಸಬೇಕೆಂದು ಅವರು ವಾದಿಸಿದರು. ೧೯೪೮ರಲ್ಲಿ ಬಂದ ಅವರ ಕಥಾಸೂಚಿ ಕಥೆಗಳನ್ನು ಪೂರ್ಣರೂಪದವು, ಅವುಗಳಿಂದ ಹುಟ್ಟಿದವು ಎಂದು ಎರಡಾಗಿ ವಿಂಗಡಿಸಿತು. ಈ ವಿಭಜನೆಯಲ್ಲಿಯೇ ಮೂಲ ಹಾಗೂ ಅವನತಿಯ ಸಿದ್ಧಾಂತ ಅಡಗಿದೆ.

ಸೆಕಿ ಕೇಗೊ (೧೮೯೯–೧೯೯೦) ಅವರು ಬೇರೆ ದಾರಿ ಹಿಡಿದರು. ಫಿನ್ಲೆಂಡಿನ ಕಾರ್ಲೆ ಕ್ರೋನ್ ಅವರ ವಿಧಾನಗ್ರಂಥವನ್ನು ಜಪಾನೀ ಭಾಷೆಗೆ ತಂದ ಇವರು ಆರ್ನೆ–ಥಾಂಪ್ಸನ್ ಕ್ರಮವನ್ನು ಅನುಸರಿಸಿ ಪ್ರಾಣಿಕಥೆ, ಮುಖ್ಯಕಥೆ, ಹಾಸ್ಯಕಥೆ ಎಂಬ ವಿಭಾಗಗಳಲ್ಲಿ ಆರು ಸಂಪುಟಗಳ ಸಂಗ್ರಹವನ್ನು (೧೯೫೦–೫೮), ಮುಂದೆ ಅದನ್ನು ವಿಸ್ತರಿಸಿದ ಹನ್ನೆರಡು ಸಂಪುಟಗಳ ಸಂಗ್ರಹವನ್ನು (೧೯೭೮–೮೦) ಪ್ರಕಟಿಸಿದರು. ಇಕೆದಾ ಹಿರೊಕೊ ಅವರ ವರ್ಗ ಹಾಗೂ ಆಶಯಗಳ ಸೂಚಿ ೧೯೭೧ರಲ್ಲಿ ಹೆಲ್ಸಿಂಕಿಯಿಂದ ಇಂಗ್ಲಿಷಿನಲ್ಲಿ ಹೊರಬಂದಿತು. ಇನಾದಾ ಕೋಜಿ ಮತ್ತು ಒಜಾವಾ ತೋಶಿಯೊ ಅವರ ನೇತೃತ್ವದಲ್ಲಿ ೧೯೭೭ರಿಂದ ೧೯೯೮ರವರೆಗೆ ಪ್ರಕಟವಾದ ೩೧ ಸಂಪುಟಗಳ ‘ನಿಹೊನ್ ಮುಕಾಶಿಬನಾಶಿ ತ್ಸೂಕನ್’ ಪ್ರಾಂತ್ಯವಾರು ಕ್ರಮವನ್ನು ಅನುಸರಿಸಿತು. ಒಂದೇ ಸಾಮಗ್ರಿ ನಂಬಿಕೆಯ ಅವಶೇಷವಾಗಿ, ಅಂತರರಾಷ್ಟ್ರೀಯ ವರ್ಗವಾಗಿ, ಪ್ರಾದೇಶಿಕ ಸಂಪತ್ತಾಗಿ ಮೂರು ಬಗೆಯಲ್ಲಿ ಕಾಣಿಸಿಕೊಂಡಿತು.

ಈ ಸೂಚಿಗಳು ‘ಜಪಾನೀ’ ಎಂಬ ಪದದ ಎಲ್ಲೆಯನ್ನೂ ಪ್ರಶ್ನೆಗೆ ಒಡ್ಡಿದವು. ಐನು ಜನರ ಭಾಷೆ ಬೇರೆ, ಕಥನಕ್ರಮ ಬೇರೆ. ಐನು ಸಮುದಾಯದ ಚಿರಿ ಯುಕಿಯೆ (೧೯೦೩–೧೯೨೨) ತನ್ನ ಪರಂಪರೆಯ ದೇವಗೀತೆಗಳನ್ನು ಐನು ಭಾಷೆ ಹಾಗೂ ಜಪಾನೀ ಅನುವಾದಗಳೊಂದಿಗೆ ಸ್ವತಃ ಬರೆದಿಟ್ಟಳು. ಆಕೆಯ ಮರಣಾನಂತರ ೧೯೨೩ರಲ್ಲಿ ಅದು ಪ್ರಕಟವಾಯಿತು. ಹೇಳುವ ಪರಂಪರೆಗೆ ಸೇರಿದವರೇ ಬರೆದಾಗ ಪಠ್ಯ ಹೇಗಿರುತ್ತದೆಂಬುದಕ್ಕೆ ಈ ಚಿಕ್ಕ ಪುಸ್ತಕ ಅಮೂಲ್ಯ ನಿದರ್ಶನ.

ರಾಷ್ಟ್ರದ ಹೆಸರಿನಲ್ಲಿ ಕಥೆಯನ್ನು ಓದುವುದರ ಅಪಾಯವನ್ನು ಮೊಮೊತಾರೋನ ಕಥೆಯೇ ತೋರಿಸಿದೆ. ಎದೊ ಕಾಲದ ಕೆಲವು ಮುದ್ರಿತ ರೂಪಗಳಲ್ಲಿ ಮುದುಕ ದಂಪತಿಗಳು ಹಣ್ಣು ತಿಂದು ಮತ್ತೆ ಯೌವನ ಪಡೆದು ಮಗುವನ್ನು ಹೆರುತ್ತಾರೆ.  ಶಾಲಾಪಠ್ಯಗಳ ಮೂಲಕ ನೆಲೆಯೂರಿದ್ದು ಹಣ್ಣಿನಿಂದಲೇ ಹುಟ್ಟಿದ ವೀರಬಾಲಕನ ರೂಪ. ಓನಿಗಳ ದ್ವೀಪವನ್ನು ಗೆಲ್ಲುವ ಈ ಬಾಲಕ ಯುದ್ಧಕಾಲದಲ್ಲಿ ಸೈನಿಕನಾದ. ೧೯೪೫ರಲ್ಲಿ ಅವನನ್ನು ನೌಕಾಪಡೆಯ ನಾಯಕನನ್ನಾಗಿಸಿದ ದೀರ್ಘ ವ್ಯಂಗ್ಯಚಿತ್ರ ಚಲನಚಿತ್ರವೇ ಬಂದಿತು. ಇದಕ್ಕೆ ಎರಡು ದಶಕ ಮೊದಲೇ, ೧೯೨೪ರಲ್ಲಿ, ಅಕುತಗಾವಾ ರ್ಯೂನೊಸುಕೆ ಅದೇ ಬಾಲಕನನ್ನು ಶಾಂತವಾಗಿದ್ದ ದ್ವೀಪದ ಮೇಲೆರಗಿದ ಆಕ್ರಮಣಕಾರನನ್ನಾಗಿ ವಿಡಂಬಿಸಿದ್ದರು. ‘ಕೊಂಜಾಕು’ವಿನ ಕಥೆಗಳಿಂದ ‘ರಾಶೋಮೋನ್’ (೧೯೧೫), ‘ಯಾಬು ನೊ ನಾಕಾ’ (೧೯೨೨) ಮೊದಲಾದ ಸಣ್ಣಕಥೆಗಳನ್ನು ಕಟ್ಟಿದವರೂ ಅವರೇ. ೧೯೮೨ರಲ್ಲಿ ಕವಾಯ್ ಹಾಯಾವೊ ಅವರು ಯುಂಗ್ ಮನಶ್ಶಾಸ್ತ್ರದ ನೆಲೆಯಿಂದ ಈ ಕಥೆಗಳಲ್ಲಿ ಜಪಾನೀ ಮನಸ್ಸನ್ನು ಹುಡುಕಿದರು. ಅವರ ಓದು ಸೂಕ್ಷ್ಮವಾದುದು. ಆದರೆ ಸಂಗ್ರಾಹಕರು ಆಯ್ದ, ಸಂಪಾದಕರು ತಿದ್ದಿದ ಪಾಠಗಳಿಂದ ಇಡೀ ಜನಾಂಗದ ಮನಸ್ಸನ್ನು ನಿರ್ಣಯಿಸುವುದು ಹೇಗೆಂಬ ಆಕ್ಷೇಪಕ್ಕೆ ಅದು ಪೂರ್ಣ ಉತ್ತರ ಕೊಡುವುದಿಲ್ಲ. ಯಾನಾಗಿತಾ ಅವರು ಲೈಂಗಿಕ ವಿಷಯಗಳನ್ನು ಬದಿಗಿಟ್ಟರೆಂದು ಮಿನಾಕಾತಾ ಹಿಂದೆಯೇ ದೂರಿದ್ದನ್ನು ಇಲ್ಲಿ ನೆನೆಯಬಹುದು.

೮

ಈ ಅಧ್ಯಯನ ಪರಂಪರೆ ಕನ್ನಡ ನಾಡನ್ನು ನೇರವಾಗಿ ಮುಟ್ಟುವ ಒಂದು ಎಡೆಯಿದೆ. ‘ಕೊಂಜಾಕು’ವಿನ ಐದನೆಯ ಸಂಪುಟದ ನಾಲ್ಕನೆಯ ಕಥೆ ‘ಇಕ್ಕಾಕು ಸೆನ್ನಿನ್’, ಅಂದರೆ ಏಕಶೃಂಗ ಋಷಿಯದು. ಮಳೆಯಿಂದ ಒದ್ದೆಯಾದ ಬೆಟ್ಟದಲ್ಲಿ ಜಾರಿ ಬಿದ್ದ ಋಷಿ ಕೋಪದಿಂದ ಮಳೆ ಸುರಿಸುವ ನಾಗರಾಜರನ್ನು ನೀರಿನ ಪಾತ್ರೆಯಲ್ಲಿ ಬಂಧಿಸುತ್ತಾನೆ. ಹನ್ನೆರಡು ವರ್ಷ ಮಳೆಯಿಲ್ಲ. ರಾಜ ಕಳಿಸಿದ ಸುಂದರಿಯರಿಂದ ಅವನ ತಪಸ್ಸು ಕೆಟ್ಟು ನಾಗರಾಜರು ಬಿಡುಗಡೆಯಾಗುತ್ತಾರೆ, ಮಳೆ ಬರುತ್ತದೆ. ಕೊನೆಗೆ ಋಷಿ ಆ ಹೆಣ್ಣನ್ನು ಬೆನ್ನ ಮೇಲೆ ಹೊತ್ತು ನಗರಕ್ಕೆ ಬಂದು ನಗೆಪಾಟಲಾಗುತ್ತಾನೆ. ಚೀನೀ ಭಾಷೆಯಲ್ಲಿ ಉಳಿದ ಬೌದ್ಧ ವ್ಯಾಖ್ಯಾನಗ್ರಂಥದ ಮೂಲಕ ಜಪಾನನ್ನು ತಲುಪಿದ ಈ ಕಥೆ ಮುಂದೆ ನೋ ನಾಟಕವಾಯಿತು. ಕಬುಕಿ ರಂಗದ ‘ನರುಕಾಮಿ’ಗೂ ಆಧಾರವಾಯಿತು.

ಇದು ನಮ್ಮ ಋಷ್ಯಶೃಂಗನ ಕಥೆಯೆಂಬುದು ಸ್ಪಷ್ಟ. ರಾಮಾಯಣದಲ್ಲಿ ಋಷಿ ಕಾಲಿಟ್ಟಲ್ಲಿ ಮಳೆಯಾಗುತ್ತದೆ. ಬೌದ್ಧ ರೂಪದಲ್ಲಿ ಅವನೇ ಮಳೆಯನ್ನು ತಡೆದವನು. ಶೃಂಗೇರಿಯ ಹೆಸರನ್ನು ಈ ಋಷಿಯೊಂದಿಗೆ ಜೋಡಿಸಲಾಗುತ್ತದೆ. ಸಮೀಪದ ಕಿಗ್ಗದ ಋಷ್ಯಶೃಂಗೇಶ್ವರನನ್ನು ಜನ ಇಂದಿಗೂ ಮಳೆಗಾಗಿ ಪ್ರಾರ್ಥಿಸುತ್ತಾರೆ. ಯಾನಾಗಿತಾ ಅವರ ಪರಿಭಾಷೆಯಲ್ಲಿ ಹೇಳುವುದಾದರೆ ಕಿಗ್ಗದಲ್ಲಿ ಇದು ಸ್ಥಳಕ್ಕೆ ಬೇರೂರಿದ, ನಂಬಿಕೆಯಿಂದ ಬದುಕಿರುವ ಐತಿಹ್ಯ. ಜಪಾನಿನಲ್ಲಿ ಅದು ಎಲ್ಲೋ ದೂರದ ತೆನ್‌ಜಿಕುವಿನ ಕಥೆ. ನಂಬಬೇಕಾದ ಒತ್ತಡವಿಲ್ಲದ್ದರಿಂದಲೇ ನಗೆಗೂ ನಾಟಕಕ್ಕೂ ಒದಗಿತು. ಐತಿಹ್ಯ, ಕಥೆ ಎಂಬ ಭೇದ ಕಥಾವಸ್ತುವಿನ ಗುಣವಲ್ಲ, ಅದು ನಿಂತ ನೆಲದ ಗುಣ ಎಂಬುದನ್ನು ಇದರಿಂದ ತಿಳಿಯಬಹುದು.

ಅದೇ ಸಂಪುಟದ ಇನ್ನೊಂದು ಕಥೆ ಆಮೆ ಮತ್ತು ಕೋತಿಯದು. ಬಸುರಿ ಹೆಂಡತಿಯ ಸಲುವಾಗಿ ಆಮೆ ಕೋತಿಯ ಯಕೃತ್ತನ್ನು ಬಯಸುತ್ತದೆ. ಅದನ್ನು ಮರದಲ್ಲಿ ಬಿಟ್ಟುಬಂದಿದ್ದೇನೆಂದು ಕೋತಿ ಪಾರಾಗುತ್ತದೆ. ಹನ್ನೊಂದನೆಯ ಶತಮಾನದಲ್ಲಿ ದುರ್ಗಸಿಂಹ ಕನ್ನಡಕ್ಕೆ ತಂದ ಪಂಚತಂತ್ರ ಪರಂಪರೆಗೂ ಜಾತಕ ಪರಂಪರೆಗೂ ಸಮಾನವಾದ ಕಥೆಯಿದು. ಜಪಾನಿನ ಮೌಖಿಕ ರೂಪದಲ್ಲಿ ಗುಟ್ಟು ರಟ್ಟು ಮಾಡಿದ ಲೋಳೆಮೀನಿಗೆ ಏಟು ಬಿದ್ದು ಅದು ಮೂಳೆಯನ್ನೇ ಕಳೆದುಕೊಳ್ಳುತ್ತದೆ. ಗ್ರಂಥದಲ್ಲಿಲ್ಲದ ಈ ಕಾರಣಕಥನ ಹೇಳುವವರ ಸೇರ್ಪಡೆ. ಹೀಗೆ ಒಂದು ಕಡೆ ಬರಹ ದನಿಯನ್ನು ತಿದ್ದಿದರೆ ಇನ್ನೊಂದು ಕಡೆ ದನಿ ಬರಹವನ್ನು ತಿದ್ದಿದೆ.

ಮೇಲಿನ ವಿವೇಚನೆಯಿಂದ ಸಂಶೋಧಕರು ಗಮನಿಸಬೇಕಾದ ಕೆಲವು ಅಂಶಗಳು ಹೊರಡುತ್ತವೆ. ಪ್ರಾಚೀನ ಸಂಕಲನದಲ್ಲಿ ‘ಕೇಳಿದ್ದು’ ಎಂಬ ಮಾತು ಬಂದಾಗ ಅದನ್ನು ಆಕರಸೂಚನೆಯೆಂದು ಒಪ್ಪುವ ಮೊದಲು ನಿರೂಪಣೆಯ ಸೂತ್ರವಾಗಿ ಪರೀಕ್ಷಿಸಬೇಕು. ಕಥೆಯನ್ನು ಸಂಕಲನದಲ್ಲಿ ಅದರ ಹಿಂದುಮುಂದಿನ ಕಥೆಗಳೊಂದಿಗೆ ಓದಬೇಕು. ಬಿಡಿಸಿ ತೆಗೆದರೆ ಅದರ ಅರ್ಥ ಬೇರೆಯಾಗುತ್ತದೆ. ಕ್ಷೇತ್ರಕಾರ್ಯದ ಸಂಗ್ರಹಗಳ ವಿಷಯದಲ್ಲಿ ಅಚ್ಚಾದ ಪಾಠದಷ್ಟೇ ಕರಡುಗಳನ್ನೂ ಧ್ವನಿಮುದ್ರಿಕೆಗಳನ್ನೂ ಕಾಪಾಡಬೇಕು. ಯಾನಾಗಿತಾ ಅವರ ಕರಡುಪ್ರತಿಗಳು ಉಳಿಯದಿದ್ದರೆ ‘ತೋನೊ’ ಕುರಿತು ಇಂದು ನಡೆಯುತ್ತಿರುವ ಚರ್ಚೆಯೇ ಸಾಧ್ಯವಾಗುತ್ತಿರಲಿಲ್ಲ. ಕನ್ನಡದಲ್ಲಿಯೂ ಹಲವು ದಶಕಗಳಿಂದ ಸಂಗ್ರಹಿಸಿದ ಜನಪದ ಕಥೆಗಳ ಕೈಬರಹದ ಟಿಪ್ಪಣಿ ಪುಸ್ತಕಗಳು ಸಂಗ್ರಾಹಕರ ಮನೆಗಳಲ್ಲಿಯೂ ವಿಭಾಗಗಳ ಕಪಾಟುಗಳಲ್ಲಿಯೂ ಇರುವ ಸಾಧ್ಯತೆಯಿದೆ. ಪ್ರಕಟಿತ ಪಾಠಗಳೊಂದಿಗೆ ಅವುಗಳನ್ನು ಹೋಲಿಸಿ ನೋಡುವ ಕೆಲಸ ನಡೆದರೆ, ಹೇಳಿದವರು ಯಾರು, ಅವರ ಮಾತಿನಲ್ಲಿ ಯಾವುದು ಉಳಿಯಿತು, ಯಾವುದು ಪುಟಕ್ಕೆ ಬರಲಿಲ್ಲ ಎಂಬುದನ್ನು ಊಹೆಯ ಬದಲು ಸಾಕ್ಷ್ಯದ ಆಧಾರದಿಂದ ಹೇಳಲು ಸಾಧ್ಯವಾದೀತು.